ಸಂಪಾದಕರ ಉತ್ತರ: "ಒಂದು ದಿನವೂ ಓಡಿಹೋಗಬಾರದಿತ್ತೇ?"

ಸಾಗರದಿಂದ ನಿವೃತ್ತ ಮೇಷ್ಟ್ರೊಬ್ಬರು ಬರೆದಿದ್ದಾರೆ: "ಉಗಾಂಡಾದ ಡೊಮಿನಿಕ್ ಒಂಗ್ವೆನ್ ಕುರಿತ ನಿಮ್ಮ ಲೇಖನದ ಚಿತ್ರದ ಕೆಳಗೆ 'ಅಪಹೃತ ಬಾಲಕನಿಗೆ 25 ವರ್ಷ ಸೆರೆ' ಎಂದು ಹಾಕಿದ್ದೀರಿ. 61 ಅಪರಾಧ ಸಾಬೀತಾದವನು ಬಾಲಕನೇ? ಚಿಕ್ಕಂದಿನಲ್ಲಿ ಎತ್ತಿಕೊಂಡು ಹೋದರು, ಒಪ್ಪಿದೆ. ಅಷ್ಟು ವರ್ಷ ಕಾಡಿನಲ್ಲಿದ್ದವನು ಒಂದು ದಿನವೂ ಓಡಿಹೋಗಬಾರದಿತ್ತೇ?"

ಮೇಷ್ಟ್ರೇ, ನಮಸ್ಕಾರ. ಆ ಸಾಲು ಬರೆದದ್ದು ನಾನೇ. ಪುಟ ಅಚ್ಚಿಗೆ ಹೋಗುವ ರಾತ್ರಿ, ಇದ್ದಷ್ಟು ಜಾಗಕ್ಕೆ ಹೊಂದಿಸಿ ಬರೆದೆ. ತಪ್ಪಾಯಿತು. ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯ 2021ರಲ್ಲಿ ಶಿಕ್ಷೆ ಕೊಟ್ಟದ್ದು ನಲವತ್ತು ದಾಟಿದ ಗಂಡಸಿಗೆ, ಬಾಲಕನಿಗಲ್ಲ.

ಆದರೆ ನಿಮ್ಮ ಕೊನೆಯ ಪ್ರಶ್ನೆಯನ್ನು ಹಾಗೆ ಬಿಟ್ಟುಬಿಡಲಾರೆ. ಒಂಗ್ವೆನ್‌ನನ್ನು ಎತ್ತಿಕೊಂಡು ಹೋದದ್ದು ಜೋಸೆಫ್ ಕೋನಿಯ ಲಾರ್ಡ್ಸ್ ರೆಸಿಸ್ಟೆನ್ಸ್ ಆರ್ಮಿ ಎಂಬ ಬಂಡುಕೋರ ಪಡೆ. ಅದು ಉತ್ತರ ಉಗಾಂಡಾದಲ್ಲಿ 20,000ಕ್ಕೂ ಹೆಚ್ಚು ಮಕ್ಕಳನ್ನು ಎತ್ತಿಕೊಂಡು ಹೋಯಿತು. ಊರವರು ತಾವಾಗಿ ಬಂದು ಸೇರುತ್ತಿರಲಿಲ್ಲ. ಮಕ್ಕಳಾದರೆ ಲೂಟಿಯ ಮೂಟೆ ಹೊರುತ್ತಾರೆ, ಹೇಳಿದ್ದು ಕೇಳುತ್ತಾರೆ. ಹಿಡಿದು ತರಲು ಒಂದು ರಾತ್ರಿ ಸಾಕು. ಓಡದಂತೆ ಮಾಡುವುದರಲ್ಲೇ ಅವರ ಕಸುಬುಗಾರಿಕೆ ಇದ್ದದ್ದು. ಮೈಮೇಲೆ ಶಿಯಾ ಎಣ್ಣೆಯಿಂದ ಶಿಲುಬೆ ಬರೆಯುತ್ತಿದ್ದರು. ಓಡಿದರೆ ಈ ಎಣ್ಣೆಯೇ ನಿನ್ನ ಜಾಡು ಹೇಳುತ್ತದೆ ಎನ್ನುತ್ತಿದ್ದರು. ಒಂಬತ್ತು ವರ್ಷದ ಮಗು ನಂಬದೆ ಏನು ಮಾಡೀತು? ಓಡಿ ಸಿಕ್ಕಿಬಿದ್ದವರನ್ನು ಜೊತೆಯ ಮಕ್ಕಳ ಕೈಯಿಂದಲೇ ಹೊಡೆದು ಕೊಲ್ಲಿಸುತ್ತಿದ್ದರು. ಕೆಲವರನ್ನು ಅವರವರ ಊರಿನ ಮೇಲೆಯೇ ದಾಳಿಗೆ ಬಿಡುತ್ತಿದ್ದರು. ಆಮೇಲೆ ಕಾವಲು ಬೇಕಾಗುತ್ತಿರಲಿಲ್ಲ. ಯಾವ ಮುಖ ಹೊತ್ತು ಮನೆಗೆ ಹೋಗುವುದು?

1996ರ ಅಕ್ಟೋಬರ್‌ನಲ್ಲಿ ಅಬೋಕೆ ಎಂಬಲ್ಲಿನ ಹೆಣ್ಣುಮಕ್ಕಳ ವಸತಿ ಶಾಲೆಗೆ ನುಗ್ಗಿ 139 ಹುಡುಗಿಯರನ್ನು ಎಳೆದುಕೊಂಡು ಹೋದರು. ಸಿಸ್ಟರ್ ರಕೇಲೆ ಎಂಬ ಇಟಲಿಯ ಸನ್ಯಾಸಿನಿ ಶಾಲೆಯ ಮೇಷ್ಟ್ರೊಬ್ಬರನ್ನು ಕರೆದುಕೊಂಡು, ಕಾಡಿನಲ್ಲಿ ಅವರ ಜಾಡು ಹಿಡಿದು ಹೋಗಿ ಮಕ್ಕಳನ್ನು ಕೇಳಿದರು. ಆ ಬಂಡುಕೋರ ತುಕಡಿಯ ನಾಯಕ ನೆಲದ ಮೇಲೆ ಕಡ್ಡಿಯಿಂದ ಲೆಕ್ಕ ಬರೆದು ತೋರಿಸಿದ: 139ರಲ್ಲಿ 109 ನಿಮಗೆ, 30 ನನಗೆ. ನೀವೂ ಮಕ್ಕಳಿಗೆ ಕಳೆಯುವ ಲೆಕ್ಕ ಕಲಿಸಿದವರು. ಆ ಮೂವತ್ತು ಹುಡುಗಿಯರನ್ನು ಬಿಟ್ಟು ಉಳಿದವರ ಜೊತೆ ವಾಪಸು ನಡೆದ ದಾರಿ ಎಷ್ಟು ಉದ್ದವಿತ್ತೋ.

ಮುಂದಿನ ವರ್ಷಗಳಲ್ಲಿ ಹಳ್ಳಿಯ ಮಕ್ಕಳು ಸಂಜೆಯಾದರೆ ಕಂಬಳಿ ಸುತ್ತಿಕೊಂಡು ಗುಲು, ಕಿಟ್ಗುಮ್ ಪೇಟೆಗಳಿಗೆ ನಡೆದು ಬರುತ್ತಿದ್ದರು. ಅಂಗಡಿ ಜಗುಲಿ, ಬಸ್ ನಿಲ್ದಾಣ, ಆಸ್ಪತ್ರೆಯ ಅಂಗಳದಲ್ಲಿ ಮಲಗಿ, ಬೆಳಗ್ಗೆ ಮತ್ತೆ ಕಿಲೋಮೀಟರುಗಟ್ಟಲೆ ನಡೆದು ಮನೆ ಸೇರುತ್ತಿದ್ದರು. ಒಂದು ಹಂತದಲ್ಲಿ ಹೀಗೆ ನಡೆಯುವವರು ದಿನಕ್ಕೆ ಸುಮಾರು 40,000 ಮಂದಿ ಇದ್ದರು.

ಹಾಗಂತ ಯಾರೂ ತಪ್ಪಿಸಿಕೊಳ್ಳಲೇ ಇಲ್ಲ ಎಂದಲ್ಲ. ಸಾವಿರಾರು ಮಂದಿ ಓಡಿಬಂದರು, ನ್ಯಾಯಾಲಯ ಹಿಡಿದದ್ದೂ ಇದನ್ನೇ. ಜೀವಭಯದಿಂದ ಮಾಡಿದೆ ಎಂಬ ಒಂಗ್ವೆನ್ ವಾದವನ್ನು ಅದು ತಳ್ಳಿಹಾಕಿತು: ದೊಡ್ಡ ಹುದ್ದೆಗೇರಿದ ಮೇಲೆ ಬಿಟ್ಟುಬರುವ ಅವಕಾಶ ಇತ್ತು, ಬರಲಿಲ್ಲ. ಅವನ ಮೇಲೆ ಸಾಬೀತಾದದ್ದು ಇಂಥವು: ಲುಕೋಡಿ, ಒಡೆಕ್, ಅಬೋಕ್, ಪಜುಲೆಯ ನಿರಾಶ್ರಿತರ ಶಿಬಿರಗಳ ಮೇಲೆ ದಾಳಿ. ಮಕ್ಕಳನ್ನು ಸೈನ್ಯಕ್ಕೆ ಎಳೆದದ್ದು. ಹುಡುಗಿಯರನ್ನು ಬಲವಂತದ 'ಹೆಂಡತಿ'ಯರಾಗಿ ಹಂಚಿದ್ದು. ತನಗಾದದ್ದನ್ನೇ ಬೇರೆ ಮಕ್ಕಳಿಗೆ ಮಾಡಿದ. ಇಲ್ಲಿ ನಿಮ್ಮ ಮಾತು ನೂರಕ್ಕೆ ನೂರು ಸರಿ.

ಆದರೂ ಅದೇ ನ್ಯಾಯಾಧೀಶರು ಜೀವಾವಧಿ ಕೊಡದೆ 25 ವರ್ಷಕ್ಕೆ ನಿಂತರು. ಶಾಲೆಗೆ ಹೋಗುತ್ತಿದ್ದ ಹುಡುಗನನ್ನು ದಾರಿಯಲ್ಲೇ ಎತ್ತಿಕೊಂಡು ಹೋದ ಆ ದಿನವನ್ನು ಲೆಕ್ಕಕ್ಕೆ ಹಿಡಿದರು. ಮೂವರಲ್ಲಿ ಒಬ್ಬರು ಮಾತ್ರ 30 ಆಗಬೇಕಿತ್ತೆಂದು ಬೇರೆ ಅಭಿಪ್ರಾಯ ಬರೆದರು. ನನಗೆ 25 ಸರಿ ಎನ್ನಿಸುತ್ತದೆ. ನೀವು ಕೇಳುವಂತೆ 'ಅಪರಾಧಿಯೋ, ಬಲಿಪಶುವೋ, ಒಂದು ಹೇಳಿ' ಎಂದರೆ ಆ ತೀರ್ಪಿನ ಅರ್ಧವನ್ನು ಹರಿದುಹಾಕಬೇಕಾಗುತ್ತದೆ. ಆ ಅಡಿಬರಹದಲ್ಲಿ ನಾನು ಮಾಡಿದ್ದೂ ಅದನ್ನೇ, ಹರಿದದ್ದು ಇನ್ನೊಂದು ಅರ್ಧ ಅಷ್ಟೆ.

ಉತ್ತರ ಉಗಾಂಡಾದ ಅಚೋಲಿ ಜನರಿಗೆ ಈ ಇಕ್ಕಟ್ಟು ಹೊಸದಲ್ಲ. ಬಹುಕಾಲ ಹೊರಗಿದ್ದು ಬಂದವರನ್ನು ನೇರ ಒಳಗೆ ಕರೆಯುವುದಿಲ್ಲ. ಹಟ್ಟಿಯ ಬಾಯಲ್ಲಿ ಒಂದು ಹಸಿ ಕೋಳಿಮೊಟ್ಟೆ ಇಡುತ್ತಾರೆ. ಜೊತೆಗೆ ಸಾಬೂನಿನಂತೆ ಜಾರುವ ಒಪೋಬೋ ಮರದ ಕಡ್ಡಿ, ಕಣಜದ ಮುಚ್ಚಳ ಎತ್ತಿ ನಿಲ್ಲಿಸುವ ಲಾಯಿಬಿ ಕೋಲು. ಬಂದವರು ಮೊಟ್ಟೆಯನ್ನು ತುಳಿದು ಒಡೆದು ಒಳಗೆ ಬರಬೇಕು. ಕಾಡಿನಿಂದ ಬಂದ ಮಕ್ಕಳೂ ಹೀಗೆ ತುಳಿದು ಬಂದರು. ನನಗೆ ಇದರಲ್ಲಿ ಹಿಡಿಸಿದ್ದು ಆ ಕಣಜದ ಕೋಲು. ಕ್ಷಮಿಸಿದ್ದೇವೆ ಎಂದು ಬಾಯಲ್ಲಿ ಹೇಳುವುದಕ್ಕಿಂತ, ನಮ್ಮ ಕಣಜದಲ್ಲಿ ನಿನಗೂ ಪಾಲಿದೆ ಎಂದು ತೋರಿಸುವುದು ದೊಡ್ಡದು. ಕೊಂದವರ ಜೊತೆ ಸತ್ತವರ ಮನೆಯವರು ಕೂಡಿಕೊಳ್ಳುವ ವಿಧಿ ಬೇರೆಯೇ ಇದೆ. ಆ ಕೆಲಸ ಮೊಟ್ಟೆಯಿಂದ ಆಗುವುದಿಲ್ಲ.

ಮೊಟ್ಟೆಯಿಂದ ಬಗೆಹರಿಯದ್ದು ಇನ್ನೊಂದಿದೆ. ಹಿಂತಿರುಗಿದ ಎಷ್ಟೋ ಹುಡುಗಿಯರ ಕಂಕುಳಲ್ಲಿ ಕಾಡಿನಲ್ಲಿ ಹುಟ್ಟಿದ ಕೂಸುಗಳಿದ್ದವು. ಅಚೋಲಿಯರಲ್ಲಿ ಕುಲವೂ ಜಮೀನೂ ತಂದೆಯ ಕಡೆಯಿಂದ ಬರುತ್ತವೆ. 2024ರ ಫೆಬ್ರುವರಿಯಲ್ಲಿ ನ್ಯಾಯಾಲಯ ಸುಮಾರು 49,772 ಸಂತ್ರಸ್ತರಿಗೆ ತಲಾ 750 ಯೂರೋ ಸಾಂಕೇತಿಕ ಪರಿಹಾರ ಘೋಷಿಸಿತು. ಈ ಮಕ್ಕಳನ್ನೂ ಸಂತ್ರಸ್ತರೆಂದೇ ಎಣಿಸಿತು. ಒಂಗ್ವೆನ್ ಬಳಿ ಕಾಸಿಲ್ಲ, ಹಣವನ್ನು ಸಂತ್ರಸ್ತರ ನಿಧಿ ಹೊಂದಿಸಬೇಕು. ಆತ ಈಗ ನಾರ್ವೆಯ ಜೈಲಿನಲ್ಲಿದ್ದಾನೆ. ಮೇಷ್ಟ್ರೇ, ನೀವು ವರ್ಷಾನುಗಟ್ಟಲೆ ಶಾಲೆಯ ದಾಖಲಾತಿ ಪುಸ್ತಕ ಬರೆದಿರುತ್ತೀರಿ. ತಂದೆಯ ಹೆಸರು ಎಂಬ ಆ ಕಾಲಮ್ಮಿನ ಮುಂದೆ ಇಂಥದೊಂದು ಮಗು ಬಂದು ನಿಂತಿದ್ದರೆ ನೀವು ಏನು ಬರೆಯುತ್ತಿದ್ದಿರಿ? ಪುರುಸೊತ್ತಾದಾಗ ಬರೆಯಿರಿ. ಅಡಿಬರಹದ ತಿದ್ದುಪಡಿ ಈ ಸಂಚಿಕೆಯಲ್ಲೇ ಇದೆ.

— ಸಂ.