ಪರದೇಶದಲ್ಲಿ ಮದುವೆ: ಪಾಸ್‌ಪೋರ್ಟ್ ಒಂದೇ ಸಾಕೇ?

ಪ್ರಶ್ನೆ: ನಾವಿಬ್ಬರೂ ಬೇರೆ ಬೇರೆ ದೇಶದ ಪ್ರಜೆಗಳು. ಮೂರನೆಯ ದೇಶವೊಂದರಲ್ಲಿ ಮದುವೆಯಾಗಲು ಪಾಸ್‌ಪೋರ್ಟ್, ವೀಸಾ ಇದ್ದರೆ ಸಾಕೇ?

ಉತ್ತರ: ಸಾಲದು. ವಿವಾಹದ ವಿಧಿವಿಧಾನಗಳನ್ನು ಸಾಮಾನ್ಯವಾಗಿ ಅದು ನಡೆಯುವ ದೇಶದ ಕಾನೂನೇ ನಿರ್ಧರಿಸುತ್ತದೆ. ಹೆಚ್ಚಿನ ಕಡೆ ಜನನ ಪ್ರಮಾಣಪತ್ರದ ಜೊತೆಗೆ, ನೀವು ಅವಿವಾಹಿತರು, ಮದುವೆಗೆ ಕಾನೂನಿನ ಅಡ್ಡಿಯಿಲ್ಲ ಎಂದು ನಿಮ್ಮ ದೇಶದ ಅಧಿಕಾರಿ ನೀಡಿದ ಪತ್ರವನ್ನು ಕೇಳುತ್ತಾರೆ. ಹಿಂದೆ ಮದುವೆಯಾಗಿದ್ದವರು ವಿಚ್ಛೇದನದ ಅಂತಿಮ ಆದೇಶವನ್ನೋ ಸಂಗಾತಿಯ ಮರಣ ಪ್ರಮಾಣಪತ್ರವನ್ನೋ ಒದಗಿಸಬೇಕು. ದಾಖಲೆ ನೀಡಿದ ದೇಶ, ಮದುವೆ ನಡೆಯುವ ದೇಶ ಎರಡೂ 1961ರ ಹೇಗ್ ಒಪ್ಪಂದಕ್ಕೆ ಸೇರಿದ್ದು, ಅದು ಅವುಗಳ ನಡುವೆ ಜಾರಿಯಲ್ಲಿದ್ದರೆ ದಾಖಲೆಗಳಿಗೆ ಅಪೋಸ್ಟಿಲ್ ಮುದ್ರೆ (ದಾಖಲೆ ಅಸಲಿ ಎಂದು ಅದನ್ನು ನೀಡಿದ ದೇಶವೇ ಹಾಕುವ ದೃಢೀಕರಣ) ಸಾಕು, ದೃಢೀಕರಣಕ್ಕಾಗಿ ರಾಯಭಾರ ಕಚೇರಿಗೆ ಅಲೆಯಬೇಕಿಲ್ಲ. ಎಡವುವುದು ಹೆಚ್ಚಾಗಿ ಸಣ್ಣ ವಿಷಯದಲ್ಲಿ: ಪಾಸ್‌ಪೋರ್ಟ್‌ನಲ್ಲಿ ಪೂರ್ಣ ಹೆಸರು, ಜನನ ಪತ್ರದಲ್ಲಿ ಬರಿಯ ಇನಿಷಿಯಲ್! ದಾಖಲೆಗಳನ್ನು ಅನುವಾದಕ್ಕೆ ಕೊಡುವ ಮುನ್ನವೇ ಇದನ್ನು ಸರಿಪಡಿಸಿಕೊಳ್ಳಿ. ಫ್ರಾನ್ಸ್‌ನಲ್ಲಂತೂ ಬರಿಯ ಧಾರ್ಮಿಕ ವಿಧಿಯಿಂದ ಆದ ಮದುವೆಗೆ ಕಾನೂನಿನ ಮಾನ್ಯತೆಯಿಲ್ಲ. ಪುರಸಭೆಯಲ್ಲಿ ನಾಗರಿಕ ವಿವಾಹ ಮೊದಲು ನಡೆಯಬೇಕು.