ಬೆಂಡೆ ಮೊಗ್ಗು ಯಾಕೆ ಉದುರಿತು: ಒಂದೇ ಒಲೆಯ ಕೇಸರ, ಬೇರೆ ಒಲೆಯ ಕೇಸರ

ಚಳ್ಳಕೆರೆ ಅಣ್ಣಾ, ನಿಮ್ಮ ಪ್ರಶ್ನೆ ಮೂರು ದಿನದಿಂದ ಗುಂಪಿನಲ್ಲಿ ಹಾಗೇ ಬಿದ್ದಿದೆ. ಮನೆಯ ಹಾಲುಬೆಂಡೆಗೆ ಅರ್ಕಾ ಅನಾಮಿಕಾ ತಳಿಯ ಪರಾಗ ಹಾಕಿ ಕ್ರಾಸ್ ಮಾಡಲು ಹೋದಿರಿ. ಹೂವಿನ ಸ್ವಂತ ಪರಾಗ ಬೀಳಬಾರದು ಅಂತ ಬೆಳಿಗ್ಗೆ ಹತ್ತು ಗಂಟೆಗೆ ಚಿಮುಟ ಹಿಡಿದು ಒಂದೊಂದೇ ಕೇಸರ, ಅಂದ್ರೆ ತಲೆಯಲ್ಲಿ ಪರಾಗ ಹೊತ್ತ ಗಂಡು ಎಳೆ, ಕಿತ್ತಿರಿ. ಹನ್ನೆರಡು ಹೂವಿನಲ್ಲಿ ಒಂಬತ್ತು ಉದುರಿದವು, ಮೂರು ಕಾಯಿ ಕಚ್ಚಿದವು. ಇದರ ಮಧ್ಯೆ ಪಿಯುಸಿ ಓದೋ ಮಗಳು ಪುಸ್ತಕ ತೆಗೆದು "ಅಪ್ಪಾ, ಬೆಂಡೆ ಮೊನಡೆಲ್ಫಸ್, ತೊಗರಿ ಡಯಡೆಲ್ಫಸ್" ಅಂದಳಂತೆ, ಹಾಗಂದ್ರೆ ಏನು ಅಂತ ಕೇಳಿದ್ದೀರಿ. ಕೆಳಗೆ ಒಬ್ಬರು "ಅದೆಲ್ಲ ಪರೀಕ್ಷೆಗೆ ಬಾಯಿಪಾಠ ಮಾಡೋ ಮಾತು, ಹೊಲಕ್ಕೆ ಬರಲ್ಲ" ಅಂತ ಬರೆದಿದ್ದಾರೆ. ಬರುತ್ತೆ. ಆ ಒಂದು ಪದ ಗೊತ್ತಿದ್ದಿದ್ದರೆ ನೀವು ಚಿಮುಟವನ್ನೇ ಕೈಗೆ ತಗೊಳ್ತಿರಲಿಲ್ಲ.

ನಾನು ಈ ಪದ ಕಲಿತದ್ದು ಕಾಲೇಜಿನಲ್ಲಿ. ಆದರೆ ಅದರ ಅರ್ಥ ಕೈಗೆ ಹತ್ತಿದ್ದು ಅದಕ್ಕೂ ಮೊದಲು, ದಾವಣಗೆರೆ ಸುತ್ತಮುತ್ತ ಇನ್ನೂ ಹತ್ತಿ ಹೊಲ ಕಾಣುತ್ತಿದ್ದ ಕಾಲದಲ್ಲಿ. ಈಗ ಬಿಡಿ, ಎತ್ತ ನೋಡಿದರೂ ಮೆಕ್ಕೆಜೋಳ. ಆಗ ದಸರಾ ರಜೆಯಲ್ಲಿ ನಮ್ಮೂರ ಹುಡುಗೀರೆಲ್ಲ ಹತ್ತಿ ಬೀಜದ ಪ್ಲಾಟಿಗೆ ಕ್ರಾಸಿಂಗ್ ಕೂಲಿಗೆ ಹೋಗ್ತಿದ್ದೆವು. ಮೇಸ್ತ್ರಿ ಮೊದಲು ಕೈ ಚಾಚಿಸಿ ಹೆಬ್ಬೆರಳ ಉಗುರು ನೋಡ್ತಿದ್ದ. ಉಗುರು ಕತ್ತರಿಸಿಕೊಂಡು ಬಂದವಳನ್ನು ಅವತ್ತು ಹೂವಿಗೆ ಬಿಡ್ತಿರಲಿಲ್ಲ, ನೀರು ಹೊರೋ ಕೆಲಸಕ್ಕೆ ಹಾಕ್ತಿದ್ದ.

ಕೆಲಸ ಏನಪ್ಪಾ ಅಂದ್ರೆ, ನಾಳೆ ಅರಳುವ ಮೊಗ್ಗನ್ನು ಇವತ್ತು ಮಧ್ಯಾಹ್ನ ಎರಡರ ಮೇಲೆ ಹುಡುಕೋದು. ಎಸಳಿನ ತುದಿ ಕೆನೆ ಬಣ್ಣಕ್ಕೆ ತಿರುಗಿ ತೊಟ್ಟೆಲೆಗಳ ನಡುವಿಂದ ಹೊರಗೆ ಇಣುಕಿರುತ್ತೆ. ಬುಡದಲ್ಲಿ ಉಗುರು ಊರಿ, ಮೆಲ್ಲಗೆ ತಿರುವಿ ಎಳೆದರೆ ಎಸಳೂ ಬರುತ್ತೆ, ಅದರ ಜತೆ ಅಷ್ಟೂ ಕೇಸರ ಒಂದೇ ಸಲ ಚೀಲ ಕಳಚಿದ ಹಾಗೆ ಬರುತ್ತೆ. ಒಳಗೆ ಉಳಿಯೋದು ಪುಟ್ಟ ಹಸಿರು ಕಾಯಿ, ಅದರ ಮೇಲೆ ಬೆಳ್ಳನೆ ಕಡ್ಡಿ, ಅದೇ ಶಲಾಕೆ, ಪರಾಗ ಬೀಳಬೇಕಾದ ಹೆಣ್ಣು ಭಾಗ. ಕಾಯಿಯ ಮೈಮೇಲೆ ಬಿಳಿ ಪೊರೆ ಇರುತ್ತೆ, ಅದಕ್ಕೆ ಉಗುರು ತಾಗಬಾರದು. ಮೊದಲ ದಿನ ನನ್ನ ಉಗುರು ಆಳಕ್ಕೆ ಇಳಿದು, ನಾನು ಮುಟ್ಟಿದ ಮೊಗ್ಗು ಮೂರನೇ ದಿನ ಸಾಲಿಗೆ ಸಾಲೇ ಕೆಳಗೆ ಬಿದ್ದಿತ್ತು. ಮೇಸ್ತ್ರಿ ಬೈದದ್ದು ಇಲ್ಲಿ ಬರೆಯುವ ಹಾಗಿಲ್ಲ. ಬೀಜದ ಕಂಪನಿ ನನ್ನ ಎರಡು ದಿನದ ಕೂಲಿ ಮುರಿದುಕೊಂಡಿತು, ಅದು ಇನ್ನೂ ಮರೆತಿಲ್ಲ.

ಇಡೀ ಲೋಕದಲ್ಲಿ ಮಾರಾಟಕ್ಕೆ ಬಂದ ಮೊದಲ ಹೈಬ್ರಿಡ್ ಹತ್ತಿ, 1970ರ ಸೂರತ್ತಿನ ಎಚ್-4, ನಡೆದದ್ದು ಕೈಯಿಂದ ಮಾಡುವ ಇದೇ ಕೆಲಸದ ಮೇಲೆ. 1972ರಲ್ಲಿ ನಮ್ಮ ಧಾರವಾಡದಿಂದ ಬಂದ ವರಲಕ್ಷ್ಮಿಯದೂ ಅದೇ ಕಥೆ. ಹತ್ತಿಯ ಕೇಸರಗಳು ಬಿಡಿ ಬಿಡಿಯಾಗಿ ನಿಂತಿದ್ದರೆ ಇಷ್ಟು ಬೀಜ ಕೂಲಿಯವರ ಕೈಯಲ್ಲಿ ಮಾಡಿಸೋದು ಆಗದ ಮಾತಾಗಿತ್ತು. ಹೀಗೆ ಅಷ್ಟೂ ಕೇಸರ ಕೂಡಿ ಒಂದಾಗಿರೋದೇ ಮೊನಡೆಲ್ಫಸ್.

ಪದದ ಅರ್ಥ ಕೇಳಿ, ಮಗಳಿಗೂ ಹೇಳಿ. ಗ್ರೀಕ್ ಭಾಷೆಯಲ್ಲಿ ಅಡೆಲ್ಫೋಸ್ ಅಂದ್ರೆ ಒಡಹುಟ್ಟಿದವನು. ಲಿನೇಯಸ್ 1735ರಲ್ಲಿ ಗಿಡಗಳನ್ನೆಲ್ಲ ಕೇಸರದ ಲೆಕ್ಕದ ಮೇಲೆ 24 ವರ್ಗ ಮಾಡಿದ. ಅದರಲ್ಲಿ 16, 17, 18ನೇ ವರ್ಗ ಈ ಅಣ್ಣತಮ್ಮಂದಿರವು. ನಮ್ಮ ಮಾತಲ್ಲಿ ಹೇಳೋದಾದ್ರೆ ಒಲೆ ಎಣಿಸಿ. ಕೇಸರದ ಕಾಲುಗಳೆಲ್ಲ ಕೂಡಿ ಒಂದೇ ಕೊಳವೆ ಆಗಿದ್ದರೆ ಒಂದೇ ಒಲೆ, ಕೂಡುಕುಟುಂಬ: ಮೊನಡೆಲ್ಫಸ್. ಎರಡು ಪಾಲಾಗಿದ್ದರೆ ಡಯಡೆಲ್ಫಸ್. ಮೂರು, ನಾಲ್ಕು, ಐದು ಒಲೆ ಆಗಿದ್ದರೆ ಪಾಲಿಅಡೆಲ್ಫಸ್. ದಾಸವಾಳ, ಬೆಂಡೆ, ಹತ್ತಿ ಮೊದಲನೆಯವು. ನಿಂಬೆ ಕೊನೆಯದು: ಎಸಳು ಬಿಡಿಸಿ ನೋಡಿದರೆ ಕೇಸರಗಳು ಗುಂಪು ಗುಂಪಾಗಿ ಅಂಟಿಕೊಂಡಿರೋದು ಕಾಣುತ್ತೆ. ಬೂರುಗದ ಕೆಂಪು ಹೂವು ಉದುರಿದ್ದು ಸಿಕ್ಕರೆ ಇನ್ನೂ ಚೆನ್ನಾಗಿ ಕಾಣುತ್ತೆ.

ತೊಗರಿಯಲ್ಲಿ ಹತ್ತು ಕೇಸರ. ಒಂಬತ್ತು ಒಂದು ಕಡೆ, ಮೇಲಿನದೊಂದು ಬೇರೆ. ಮನೆ ಪಾಲಾದಾಗ ಒಬ್ಬ ತಮ್ಮ ಮಾತ್ರ ಮುನಿಸಿಕೊಂಡು ಹೊರಗೆ ಹೋದ ಹಾಗೆ. ತೊಗರಿ ಹೂವು ಸಣ್ಣದು, ಕಣ್ಣಿಗೆ ತ್ರಾಸು. ಎಲೆಬಳ್ಳಿ ತೋಟದವರು ಯಾರಾದರೂ ಹತ್ತಿರ ಇದ್ದರೆ ಬಳ್ಳಿ ಹಬ್ಬಿಸಲು ಹಾಕಿದ ಚೊಗಚೆ ಮರದ ಒಂದು ಹೂವು ಕೇಳಿ ತನ್ನಿ. ಬೆರಳುದ್ದದ ಹೂವು. ದೊಡ್ಡ ಎಸಳು ಹಿಂದಕ್ಕೆ ಮಡಚಿ, ಕೆಳಗಿನ ದೋಣಿಯಂಥದ್ದನ್ನು ಸೀಳಿ. ಒಂಬತ್ತು ಎಳೆ ಕೂಡಿ ಮೇಲ್ಗಡೆ ಸೀಳಿರುವ ಕೊಳವೆ ಆಗಿರುತ್ತೆ, ಆ ಸೀಳಿನ ಮೇಲೆ ಹತ್ತನೆಯದು ಮಲಗಿರುತ್ತೆ. ಗುಂಡುಸೂಜಿಯಿಂದ ಅದನ್ನೊಂದನ್ನೇ ಎತ್ತಬಹುದು. ಅದು ಬೇರೆ ಇರೋದಕ್ಕೂ ಕಾರಣ ಇದೆ: ಅದರ ಬುಡದ ಎರಡೂ ಪಕ್ಕ ಸಣ್ಣ ಸಂದು ಬಿಟ್ಟಿರುತ್ತೆ, ಒಳಗಿನ ಮಕರಂದಕ್ಕೆ ದುಂಬಿ ನಾಲಿಗೆ ಹಾಕೋದು ಆ ಸಂದಿನಿಂದ.

ಇಲ್ಲಿ ಒಂದು ಎಡವಟ್ಟು ಇದೆ, ನಿಮ್ಮ ಊರಿಗೆ ಸಂಬಂಧಪಟ್ಟದ್ದು. "ದ್ವಿದಳ ಧಾನ್ಯ ಅಂದ್ರೆ ಎಲ್ಲ ಒಂಬತ್ತು ಮತ್ತು ಒಂದು" ಅಂತ ಹುಡುಗರು ಕಣ್ಣು ಮುಚ್ಚಿ ಬರೀತಾರೆ. ಶೇಂಗಾ ಹಾಗಲ್ಲ! ಅದೂ ಅದೇ ಕುಟುಂಬ, ಕೇಸರವೂ ಹತ್ತೇ, ಆದರೆ ಎಲ್ಲ ಕೂಡಿ ಒಂದೇ ಕೊಳವೆ. ಹತ್ತರಲ್ಲಿ ಸಾಮಾನ್ಯವಾಗಿ ಎಂಟು ಮಾತ್ರ ಪರಾಗ ಕೊಡುತ್ತವೆ, ನಾಲ್ಕರ ತಲೆ ಉದ್ದ, ನಾಲ್ಕರದ್ದು ಗುಂಡು, ಉಳಿದ ಎರಡು ಬಂಜೆ. ಹಸಿರು ಗೊಬ್ಬರಕ್ಕೆ ಹಾಕೋ ಸೆಣಬೂ ಮೊನಡೆಲ್ಫಸ್. ಚಳ್ಳಕೆರೆಯಲ್ಲಿದ್ದುಕೊಂಡು ಶೇಂಗಾ ತಪ್ಪು ಬರೆದರೆ ಮಗಳಿಗೆ ನಾನೇ ಸೊನ್ನೆ ಹಾಕ್ತೀನಿ.

ಹಾಗಂತ ಶೇಂಗಾದಲ್ಲೂ ಉಗುರು ಹಾಕಿ ಎಳೆಯೋಕೆ ಹೋಗಬೇಡಿ. ಕೂಡಿದ್ದು ಮಾತ್ರ ನೋಡಿದರೆ ಸಾಲದು, ಎಲ್ಲಿ ಕೂತಿದೆ ಅಂತಲೂ ನೋಡಬೇಕು. ಶೇಂಗಾ ಹೂವಿಗೆ ತೊಟ್ಟಿನ ಹಾಗೆ ಕಾಣೋ ಉದ್ದನೆ ಕೊಳವೆ ಇರುತ್ತೆ, ಕಾಯಿ ಆಗೋ ಭಾಗ ಅದರ ತಳದಲ್ಲಿ, ಶಲಾಕೆ ಆ ಕೊಳವೆಯೊಳಗಿಂದ ದಾರದ ಹಾಗೆ ಮೇಲೆ ಬಂದಿರುತ್ತೆ. ಕೇಸರದ ಕಂಬ ಎಳೆದರೆ ದಾರವೂ ಹರೀತು. ಅಲ್ಲಿ ಹಿಂದಿನ ಸಂಜೆ ಚಿಮುಟದಿಂದ ತಲೆ ತಲೆ ಮಾತ್ರ ತೆಗೀಬೇಕು.

ಇನ್ನು ಕೂಡಿಕೊಳ್ಳದೇ ಬೇರೆ ಕಡೆ ಅಂಟಿಕೊಂಡವು. ಬದನೆ, ಎಳ್ಳು, ತುಂಬೆ ಇವುಗಳ ಕೇಸರದ ಕಾಲು ಎಸಳಿಗೇ ಅಂಟಿರುತ್ತೆ. ಎಪಿಪೆಟಲಸ್ ಅಂತಾರೆ, ನಾನು ಮನೆ ಅಳಿಯ ಅಂತೀನಿ. ಎಳ್ಳಿನಲ್ಲಿ ಇದು ಭಾರೀ ಅನುಕೂಲ: ಅರಳುವ ಹಿಂದಿನ ಸಂಜೆ ಎಸಳಿನ ಕೊಳವೆ ಹಿಡಿದು ಎಳೆದರೆ ನಾಲ್ಕೂ ಕೇಸರ ಅದರ ಜತೆಗೇ ಬಂದುಬಿಡುತ್ತೆ, ಶಲಾಕೆ ಒಂದೇ ನಿಂತಿರುತ್ತೆ. ಹತ್ತಿಯಲ್ಲಿ ಆದ ಕೆಲಸವೇ ಇಲ್ಲೂ ಆಯ್ತು, ಕಾರಣ ಮಾತ್ರ ಬೇರೆ. ಎಳ್ಳು, ತುಂಬೆ, ತುಳಸಿಯಲ್ಲಿ ಎರಡು ಉದ್ದ, ಎರಡು ಗಿಡ್ಡ. ಸಾಸಿವೆಯಲ್ಲಿ ನಾಲ್ಕು ಉದ್ದ, ಎರಡು ಗಿಡ್ಡ, ಆರೂ ಬಿಡಿ. ಸಾಸಿವೆಗೆ ಆರನ್ನೂ ಒಂದೊಂದಾಗಿ ಕೀಳದೆ ದಾರಿಯಿಲ್ಲ. ಹಿರಿಯೂರು, ಹೊಸದುರ್ಗದ ದಾಳಿಂಬೆಯವರ ಪಾಡು ಇನ್ನೂ ಕಷ್ಟ, ಅಲ್ಲಿ ಲೆಕ್ಕವಿಲ್ಲದಷ್ಟು, ಎಲ್ಲ ಬಿಡಿ.

ಸೂರ್ಯಕಾಂತಿ ಇದಕ್ಕೆಲ್ಲ ಉಲ್ಟಾ. ಐದು ಕೇಸರ, ಕಾಲು ಬೇರೆ ಬೇರೆ, ತಲೆ ಕೂಡಿ ಕೊಳವೆ ಆಗಿರುತ್ತೆ. ಸಿಂಜೆನೀಷಿಯಸ್ ಅನ್ನೋದು ಇದನ್ನೇ. ಮೊದಲು ಪರಾಗ ಕೊಳವೆಯ ಒಳಗೇ ಉದುರುತ್ತೆ, ಆಮೇಲೆ ಶಲಾಕೆ ಪಿಚಕಾರಿಯ ಕಡ್ಡಿ ಹಾಗೆ ಕೆಳಗಿಂದ ಏರಿ ಅದನ್ನು ಹೊರಗೆ ತಳ್ಳುತ್ತೆ, ಹೊರಬಂದ ಮೇಲೆ ಬಾಯಿ ತೆರೆಯುತ್ತೆ. ಒಂದು ತೆನೆಯಲ್ಲಿ ಇಂಥ ಹೂವು ನೂರಾರು, ಯಾರು ಕೀಳ್ತಾರೆ? ಅದಕ್ಕೇ ಅಲ್ಲಿ ಕೈ ಕೆಲಸ ಬಿಟ್ಟು, ಪರಾಗವೇ ಆಗದ ತಳಿ ಹುಡುಕಿ ಹೈಬ್ರಿಡ್ ಮಾಡಿದರು. 1980ರಲ್ಲಿ ಬೆಂಗಳೂರು ಕೃಷಿ ವಿಶ್ವವಿದ್ಯಾಲಯದಿಂದ ಬಂದ ಬಿಎಸ್‌ಎಚ್-1 ಹಾಗೆ ಬಂದದ್ದು. ಹೊಲದಲ್ಲಿ ಜೇನು ಕಡಿಮೆ ಇದ್ದರೆ ಬೆಳಿಗ್ಗೆ ಎಂಟರಿಂದ ಹನ್ನೊಂದರೊಳಗೆ ತೆನೆಗಳ ಮೇಲೆ ಮೆತ್ತನೆ ಬಟ್ಟೆ ಆಡಿಸಿ ಅಂತ ಹೇಳೋದು, ಹೊರಬಿದ್ದ ಪರಾಗ ಆ ತೆರೆದ ಬಾಯಿಗಳಿಗೆ ಸೇರಲಿ ಅಂತ.

ಎಕ್ಕದ ಹೂವಿನ ಬಗ್ಗೆ ಮಗಳು ಕೇಳಿದರೆ, ಅಲ್ಲಿ ಗಂಡು ಭಾಗ ಹೆಣ್ಣು ಭಾಗಕ್ಕೇ ಅಂಟಿ ಐದು ಮೂಲೆಯ ಕಿರೀಟ ಆಗಿರುತ್ತೆ ಅಂತ ಹೇಳಿ ಸಾಕು. ಏನೂ ಕೂಡದೆ ಹತ್ತೂ ಬಿಡಿಯಾಗಿ ನಿಂತದ್ದು ನೋಡಬೇಕಾದರೆ ನಿಮ್ಮ ಹೊಲದ ಬದುವಿನ ತಂಗಡಿ ಹೂವು ಇದ್ದೇ ಇದೆ.

ಈಗ ನಿಮ್ಮ ಬೆಂಡೆಗೆ ಬರೋಣ. ನಿನ್ನೆ ಅರಳಿ ಇವತ್ತು ಬಾಡಿದ ಒಂದು ಹೂವನ್ನು ಹಿಡಿದು ಮೆಲ್ಲಗೆ ಎಳೆದು ನೋಡಿ. ಎಸಳು, ಕೇಸರದ ಕಂಬ ಎಲ್ಲ ಟೋಪಿ ಕಳಚಿದ ಹಾಗೆ ಬರುತ್ತೆ, ಕೆಳಗೆ ಎಳೆಗಾಯಿ ನಿಂತಿರುತ್ತೆ. ಗಿಡ ತಾನೇ ಹೇಗೆ ಕಳಚಿಕೊಳ್ಳುತ್ತೋ ನೀವೂ ಹಾಗೇ ಒಂದು ದಿನ ಮೊದಲು ಕಳಚಬೇಕು, ಅಷ್ಟೆ. ನೀವು ಮಾಡಿದ್ದು ಏನಾಯ್ತು ಅಂದ್ರೆ, ಕಂಬಕ್ಕೆ ಅಂಟಿದ ತಲೆಗಳನ್ನು ಚಿಮುಟದಿಂದ ಜಗ್ಗಿದಾಗ ಕಂಬದೊಳಗಿನ ಶಲಾಕೆಗೆ ಪೆಟ್ಟು ಬಿತ್ತು. ಮತ್ತೆ ಹತ್ತು ಗಂಟೆಗೆ ಹೂವು ಅರಳಿ, ತನ್ನ ಪರಾಗ ತನಗೇ ಬಿದ್ದಾಗಿತ್ತು. ಉಳಿದ ಮೂರು ಕಾಯಿ ಕ್ರಾಸ್ ಆಗಿರೋದು ಅನುಮಾನ, ಅದನ್ನು ಸಾರಿಗೆ ಹಾಕಿ.

ಸಂಜೆ ನಾಲ್ಕರ ಮೇಲೆ, ಹಳದಿ ತುದಿ ಇಣುಕಿರುವ ಉಬ್ಬಿದ ಮೊಗ್ಗು ಆರಿಸಿ. ಬುಡದ ಸಣ್ಣ ಹಸಿರು ಮೀಸೆಗಳನ್ನು ಮುಟ್ಟಬೇಡಿ. ಅದರ ಸ್ವಲ್ಪ ಮೇಲೆ, ಹಸಿರು ಟೊಪ್ಪಿಗೆ ಶುರುವಾಗುವಲ್ಲಿ, ಉಗುರಿನಿಂದ ಸುತ್ತಲೂ ತೆಳುವಾಗಿ ಗೀರಿ. ಒಂದು ಪಕ್ಕ ಮೇಲಿನ ತನಕ ಸೀಳು ಕೊಟ್ಟು, ಟೊಪ್ಪಿಗೆ, ಎಸಳು, ಕಂಬ ಮೂರನ್ನೂ ಕೂಡಿಸಿ ಬಿಡಿಸಿ. ಬಲ ಹಾಕಿದರೆ ಕೆಟ್ಟಿರಿ. ಉಳಿದ ಕಡ್ಡಿಯ ತುದಿಯಲ್ಲಿ ಕಡುಗೆಂಪು ಗುಂಡು ತಲೆಗಳು ಕಾಣಬೇಕು, ಅದರ ಮೇಲೆ ಹಳದಿ ಪುಡಿ ಒಂದು ಚೂರೂ ಇರಬಾರದು. ಇದ್ದರೆ ಆ ಮೊಗ್ಗು ಬಿಟ್ಟುಬಿಡಿ. ಕಾಗದದ ಚೀಲ ಹಾಕಿ ಕಟ್ಟಿ. ಅದೇ ಸಂಜೆ ಅನಾಮಿಕಾ ಗಿಡದ ಮೊಗ್ಗಿಗೂ ಒಂದು ಚೀಲ ಹಾಕಿ, ಇಲ್ಲದಿದ್ದರೆ ಜೇನು ಬೇರೆ ಹೂವಿನ ಪರಾಗ ತಂದು ಮೆತ್ತುತ್ತೆ. ಮರುದಿನ ಎಂಟರಿಂದ ಹತ್ತರೊಳಗೆ ಆ ಹೂವು ಕಿತ್ತು, ಎಸಳು ತೆಗೆದು, ಕಂಬವನ್ನೇ ಕುಂಚದ ಹಾಗೆ ಹಿಡಿದು ಕೆಂಪು ತಲೆಗಳ ಮೇಲೆ ಒರೆಸಿ. ಒಂದು ಅನಾಮಿಕಾ ಹೂವು ನಾಲ್ಕೈದಕ್ಕೆ ಸಾಕು. ಮತ್ತೆ ಚೀಲ ಹಾಕಿ, ತೊಟ್ಟಿಗೆ ಬಣ್ಣದ ದಾರ ಕಟ್ಟಿ, ಎರಡು ದಿನ ಬಿಟ್ಟು ಚೀಲ ತೆಗೆಯಿರಿ. ಕಾಯಿ ಗಿಡದಲ್ಲೇ ಒಣಗಲಿ. ಮನೆಯವರಿಗೆ ಆ ದಾರದ ವಿಷಯ ಮೊದಲೇ ಹೇಳಿಟ್ಟಿರಿ, ನನ್ನದು ಒಮ್ಮೆ ಹುಳಿಗೆ ಹೋಗಿದೆ.

ಮೊದಲ ವರ್ಷದ ಗಿಡ ಹೆಚ್ಚುಕಡಿಮೆ ಒಂದೇ ತೆರ ಬರುತ್ತವೆ. ಅದರ ಬೀಜ ಮತ್ತೆ ಹಾಕಿದಾಗ ಒಂದು ಹಾಲುಬೆಂಡೆ ತರ, ಒಂದು ಅನಾಮಿಕಾ ತರ, ಒಂದು ಎರಡೂ ಅಲ್ಲದ್ದು. ಹಳದಿ ನಂಜುರೋಗ ತಡೆದುಕೊಂಡು ಹಾಲುಬೆಂಡೆಯ ಬಣ್ಣವೂ ಉಳಿದದ್ದನ್ನು ಅಲ್ಲಿಂದ ಆರಿಸಬೇಕು, ಅದಕ್ಕೆ ಮೂರ್ನಾಲ್ಕು ವರ್ಷ ಹಿಡಿಯುತ್ತೆ. ಹಾಲುಬೆಂಡೆ ಬೀಜ ಬೆರಕೆಯಾಗದೆ ಉಳಿದರೆ ಸಾಕು ಅನ್ನೋದಾದರೆ ಇಷ್ಟೆಲ್ಲ ಬೇಡವೇ ಬೇಡ, ಹಿಂದಿನ ಸಂಜೆ ಮೊಗ್ಗಿಗೆ ಚೀಲ ಕಟ್ಟಿ ಸುಮ್ಮನಿರಿ. ಕೇಸರದ ಕಂಬ ಶಲಾಕೆಯ ಸುತ್ತಲೇ ಇರೋದರಿಂದ ಅದರ ಪರಾಗ ಅದಕ್ಕೇ ಬೀಳುತ್ತೆ.

ಮೊದಲು ಐದಾರು ಮೊಗ್ಗಿನ ಮೇಲೆ ಕೈ ಪಳಗಿಸಿಕೊಳ್ಳಿ, ಉದುರಿದರೂ ಉದುರಲಿ. ಕಳಚಿದ ಮೊಗ್ಗಿನ ಫೋಟೋ ಹತ್ತಿರದಿಂದ ತೆಗೆದು ಹಾಕಿದರೆ ನೋಡಿ ಹೇಳ್ತೀನಿ. ಹೆಬ್ಬೆರಳ ಉಗುರು ಮಾತ್ರ ಈ ವಾರ ಕತ್ತರಿಸಬೇಡಿ.