ಕಲ್ಪನೆಗೆ ಎಷ್ಟು ಹಗ್ಗ ಬಿಡಬೇಕು? ಪ್ರಾರ್ಥನೆ, ಆಟ, ನಗು: ಓದುಗರ ಪ್ರಶ್ನೆಗಳಿಗೆ ಉತ್ತರ

ಕ್ರಿಸ್ಮಸ್ಸಿಗೆ ಮುಂಚಿನ ಸಿದ್ಧತೆಯ ವಾರಗಳಾದ ಆಗಮನ ಕಾಲ ಹತ್ತಿರವಾಗುತ್ತಿದ್ದಂತೆ ಮೈಸೂರು, ಮಂಡ್ಯ ಕಡೆಯಿಂದ ಬಂದ ಪತ್ರಗಳಲ್ಲಿ ಕೆಲವನ್ನು ಆರಿಸಿ, ಮೊಟಕು ಮಾಡಿ ಇಲ್ಲಿ ಕೊಟ್ಟಿದ್ದೇವೆ.

ಪ್ರಶ್ನೆ: ಧ್ಯಾನಕೂಟದಲ್ಲಿ ‘ಶುಭಸಂದೇಶದ ದೃಶ್ಯದೊಳಗೆ ನೀವೇ ಹೋಗಿ ಕುಳಿತುಕೊಳ್ಳಿ’ ಎಂದರು. ಯೇಸು ಬಿರುಗಾಳಿ ಅಡಗಿಸಿದ ಭಾಗ ತೆಗೆದುಕೊಂಡೆ. ನಾನು ಗಲಿಲೇಯ ನೋಡಿಲ್ಲ. ಕಣ್ಣು ಮುಚ್ಚಿದರೆ ಕನ್ನಂಬಾಡಿ ಹಿನ್ನೀರು, ಹರಿಗೋಲು ಬರುತ್ತವೆ. ಐದು ನಿಮಿಷಕ್ಕೆ ಮನಸ್ಸು ಮನೆಸಾಲದ ಕಡೆ ಓಡುತ್ತದೆ. ಎಲ್ಲಿ ತಪ್ಪುತ್ತಿದ್ದೇನೆ? (ಬೆಳಗೊಳ)

ಉತ್ತರ: ಹಿನ್ನೀರು ಬಂದರೆ ಬರಲಿ. ಹರಿಗೋಲಿಗೆ ಮಾತ್ರ ನಮ್ಮ ತಕರಾರು ಇದೆ, ಅದನ್ನು ಆಮೇಲೆ ಹೇಳುತ್ತೇವೆ.

ಈ ಕ್ರಮವನ್ನು ಬರೆದಿಟ್ಟವರು ಯೇಸುಸಭೆಯ (ಜೆಸ್ವಿಟರ) ಸ್ಥಾಪಕ, ಲೊಯೋಲಾದ ಸಂತ ಇಗ್ನೇಷಿಯಸ್. 1522ರಲ್ಲಿ ಸ್ಪೇನಿನ ಮನ್ರೇಸಾದಲ್ಲಿ ಅವರು ಬರೆಯತೊಡಗಿದ ‘ಆಧ್ಯಾತ್ಮಿಕ ಸಾಧನೆ’ಗೆ 1548ರಲ್ಲಿ ಪೋಪ್ ಮೂರನೇ ಪೌಲರ ಒಪ್ಪಿಗೆ ಸಿಕ್ಕಿತು. ಕ್ರಿಸ್ತಜನನದ ಧ್ಯಾನದಲ್ಲಿ ನಜರೇತಿನಿಂದ ಬೆತ್ಲೆಹೇಮಿನ ದಾರಿ ನೋಡು ಎನ್ನುತ್ತಾರೆ. ಎಷ್ಟು ಉದ್ದ, ಎಷ್ಟು ಅಗಲ, ಸಮತಟ್ಟೋ ಏರುತಗ್ಗೋ, ಗವಿಯ ಸೂರು ತಗ್ಗಾಗಿದೆಯೋ? ಇಷ್ಟು ಕೇಳಿ ಉತ್ತರವನ್ನು ನಮಗೇ ಬಿಡುತ್ತಾರೆ. ಅವರಿಗೆ ಗೊತ್ತಿರಲಿಲ್ಲ ಎಂದಲ್ಲ, 1523ರಲ್ಲಿ ಅವರೇ ಯೆರೂಸಲೇಮಿಗೆ ಹೋಗಿದ್ದರು. ಅಲ್ಲಿನ ಓಲಿವ್ ಗುಡ್ಡದಲ್ಲಿ ಕ್ರಿಸ್ತನ ಹೆಜ್ಜೆಗುರುತೆಂದು ತೋರಿಸುತ್ತಿದ್ದ ಕಲ್ಲೊಂದಿತ್ತು. ಕಾವಲಿನವರಿಗೆ ಪೆನ್‌ಚಾಕು ಕೊಟ್ಟು ಒಳಗೆ ಹೋಗಿ ಬಂದವರಿಗೆ, ಬಲಪಾದ ಯಾವ ಕಡೆಗಿತ್ತು ಎಂದು ಗಮನಿಸಲಿಲ್ಲವಲ್ಲ ಅನ್ನಿಸಿತು. ಈ ಸಲ ಕತ್ತರಿ ಕೊಟ್ಟು ಮತ್ತೆ ಒಳಹೊಕ್ಕರು! ವಿವರಕ್ಕೆ ಇಷ್ಟು ಹಟ ಹಿಡಿಯುವ ಮನುಷ್ಯ ದಾರಿಯ ಅಳತೆಯನ್ನು ನಿಮಗೆ ಬಿಟ್ಟಿರುವುದು ನೀವೇ ಆ ದಾರಿ ನಡೆಯಲಿ ಎಂದು. ಅಂದಾಜಿಗೆ ಮೈಸೂರಿನಿಂದ ಬೆಂಗಳೂರಿಗೆ ನಡೆದಷ್ಟು ದೂರ.

ಅದೇ ಧ್ಯಾನದಲ್ಲಿ ಇಗ್ನೇಷಿಯಸ್ ಒಬ್ಬ ಸೇವಕಿಯನ್ನೂ ತಂದು ನಿಲ್ಲಿಸುತ್ತಾರೆ. ಶುಭಸಂದೇಶದಲ್ಲಿ ಅವಳಿಲ್ಲ, ಕತ್ತೆಯೂ ಇಲ್ಲ. ಪಠ್ಯ ಸುಮ್ಮನಿರುವ ಕಡೆ ಕಲ್ಪನೆ ತುಂಬಬಹುದು, ಪಠ್ಯ ಹೇಳಿರುವುದನ್ನು ಅಳಿಸಬಾರದು. ಹರಿಗೋಲಿನ ತೊಡಕು ಇದೇ. ಮಾರ್ಕನ ಶುಭಸಂದೇಶದ ನಾಲ್ಕನೇ ಅಧ್ಯಾಯದಲ್ಲಿ ಯೇಸು ದೋಣಿಯ ಹಿಂಭಾಗದಲ್ಲಿ ದಿಂಬಿಗೆ ತಲೆಯಿಟ್ಟು ಮಲಗಿದ್ದಾರೆ. ಗುಂಡನೆಯ ಹರಿಗೋಲಿಗೆ ಹಿಂದು ಯಾವುದು, ಮುಂದು ಯಾವುದು? 1986ರಲ್ಲಿ ಗಲಿಲೇಯ ಕೆರೆಯ ಕೆಸರಿನಲ್ಲಿ ಸಿಕ್ಕ ಆ ಕಾಲದ ಮೀನುದೋಣಿ 8.2 ಮೀಟರ್ ಉದ್ದ, 2.3 ಮೀಟರ್ ಅಗಲ ಇತ್ತು. ಅದನ್ನು ಹಿನ್ನೀರಿನಲ್ಲಿ ಇಳಿಸಿಕೊಳ್ಳಿ, ಸಾಕು.

ಇನ್ನು ಕ್ರಮ. ಉಪದೇಶವಿರುವ ಭಾಗ ಬೇಡ, ಘಟನೆ ಇರುವ ಭಾಗ ಆರಿಸಿ, ಹತ್ತು ಹದಿನೈದು ವಚನ ಮೀರದಿರಲಿ. ಎರಡು ಸಲ ಗಟ್ಟಿಯಾಗಿ ಓದಿ ಪುಸ್ತಕ ಮುಚ್ಚಿಡಿ. ಕೂರುವ ಜಾಗಕ್ಕೆ ಒಂದೆರಡು ಹೆಜ್ಜೆ ಈಚೆ, ‘ಪರಲೋಕದಲ್ಲಿರುವ ನಮ್ಮ ತಂದೆಯೇ’ ಹೇಳುವಷ್ಟು ಹೊತ್ತು ನಿಂತು, ದೇವರು ನನ್ನನ್ನು ನೋಡುತ್ತಿದ್ದಾರೆ ಎಂದುಕೊಳ್ಳಿ. ಆಮೇಲೆ ಜಾಗ ಕಟ್ಟಿಕೊಳ್ಳಿ, ಅದಕ್ಕೆ ಎರಡು ಮೂರು ನಿಮಿಷ ಸಾಕು. ಈ ಹೊತ್ತು ನಿಮಗೇನು ಬೇಕೋ ಅದನ್ನು ಒಂದೇ ವಾಕ್ಯದಲ್ಲಿ ಕೇಳಿ. ಬಳಿಕ ಯಾರಿದ್ದಾರೆ ನೋಡಿ, ಏನು ಹೇಳುತ್ತಾರೆ ಕೇಳಿ, ಏನು ಮಾಡುತ್ತಾರೆ ಗಮನಿಸಿ. ದಡದಲ್ಲಿ ನಿಂತು ನೋಡಿದರೆ ಸಿನಿಮಾ ಆಗುತ್ತದೆ. ಕೈಗೊಂದು ಕೆಲಸ ಬೇಕು: ನೀರು ಮೊಗೆದು ಚೆಲ್ಲಿ, ಹಗ್ಗ ಹಿಡಿಯಿರಿ. ಕೊನೆಗೆ ಸ್ನೇಹಿತನೊಡನೆ ಮಾತಾಡುವ ಹಾಗೆ ಯೇಸುವಿನೊಡನೆ ಮಾತಾಡಿ ಮುಗಿಸಿ. ಇಗ್ನೇಷಿಯಸ್ ಒಂದು ಗಂಟೆ ಹೇಳುತ್ತಾರೆ, ಹೊಸಬರಿಗೆ 25 ನಿಮಿಷ ಸಾಕು. ಎದ್ದ ಮೇಲೆ ಕಾಲು ಗಂಟೆ ಹಿಂದಿರುಗಿ ನೋಡುವುದಿದೆ: ಎಲ್ಲಿ ಮನಸ್ಸು ಅರಳಿತು, ಎಲ್ಲಿ ಒಣಗಿತು? ಹೆಚ್ಚಿನವರು ಬಿಡುವುದು ಇದನ್ನೇ, ಧ್ಯಾನ ಮನಸ್ಸಿನಲ್ಲಿ ಉಳಿಯದಿರುವುದೂ ಇದರಿಂದಲೇ.

ಮನೆಸಾಲದ ಯೋಚನೆ ಬಂದರೆ ಓಡಿಸುತ್ತಾ ಕೂರಬೇಡಿ, ದೋಣಿಗೇ ಹತ್ತಿಸಿ. ಆ ದೋಣಿಯಲ್ಲಿದ್ದವರೂ ‘ನಾವು ಮುಳುಗುವುದು ನಿನಗೆ ಲೆಕ್ಕಕ್ಕಿಲ್ಲವೇ’ ಎಂದೇ ಕೇಳಿದ್ದು. ಮೂರು ನಾಲ್ಕು ದಿನ ಇದೇ ದೃಶ್ಯ ಇರಲಿ. ದಿನಕ್ಕೊಂದು ಹೊಸದು ಹಿಡಿದರೆ ಕುತೂಹಲ ತಣಿಯುತ್ತದೆ, ಪ್ರಾರ್ಥನೆ ಇಳಿಯುವುದಿಲ್ಲ.

ಪ್ರಶ್ನೆ: ನನಗೆ ಕಣ್ಣು ಮುಚ್ಚಿದರೆ ಕತ್ತಲೆ ಬಿಟ್ಟು ಏನೂ ಕಾಣುವುದಿಲ್ಲ. ಈ ಧ್ಯಾನ ನನ್ನಂಥವರಿಗಲ್ಲವೇ? (ಕುವೆಂಪುನಗರ, ಮೈಸೂರು)

ಉತ್ತರ: ಹದಿನಾರನೇ ಶತಮಾನದ ಸ್ಪೇನಿನ ಸನ್ಯಾಸಿನಿ, ಆವಿಲಾದ ಸಂತ ತೆರೇಸಾ ಕೂಡ ನಿಮ್ಮ ಪಂಗಡವೇ. ಕಣ್ಣಾರೆ ಕಂಡದ್ದನ್ನು ಬಿಟ್ಟು ಬೇರೇನನ್ನೂ ಮನಸ್ಸಿನಲ್ಲಿ ಚಿತ್ರಿಸಿಕೊಳ್ಳಲು ತನ್ನಿಂದಾಗದು ಎಂದು ಆತ್ಮಚರಿತ್ರೆಯಲ್ಲಿ ಬರೆದುಕೊಂಡಿದ್ದಾರೆ. ಕತ್ತಲಲ್ಲಿ ಒಬ್ಬರ ಜೊತೆ ಮಾತಾಡುವಾಗ ಅವರು ಕಾಣುವುದಿಲ್ಲ, ಆದರೂ ಇದ್ದಾರೆಂದು ಗೊತ್ತಿರುತ್ತದಲ್ಲ, ತನ್ನ ಪ್ರಾರ್ಥನೆ ಹಾಗಿತ್ತು ಎನ್ನುತ್ತಾರೆ. ಅದಕ್ಕೇ ಅವರಿಗೆ ಚಿತ್ರಪಟಗಳೆಂದರೆ ಪ್ರೀತಿ. ನೀವೂ ಒಂದು ಚಿತ್ರ ಎದುರಿಗಿಟ್ಟು ಕಣ್ಣು ಬಿಟ್ಟೇ ಕೂರಿ. ಇಲ್ಲವೇ ಕಣ್ಣನ್ನು ಬಿಟ್ಟು ಕಿವಿ, ಮೂಗು, ಕೈ ಹಿಡಿಯಿರಿ: ಒದ್ದೆ ಹಗ್ಗ, ಮೀನಿನ ವಾಸನೆ, ಹಲಗೆಗೆ ಅಪ್ಪಳಿಸುವ ನೀರು. ಐದೂ ಇಂದ್ರಿಯಗಳನ್ನು ಒಂದೊಂದಾಗಿ ತೊಡಗಿಸುವ ಅಭ್ಯಾಸ ಇಗ್ನೇಷಿಯಸ್‌ ಪುಸ್ತಕದಲ್ಲೇ ಇದೆ.

ಪ್ರಶ್ನೆ: ನಾವು ಸಿಎಸ್‌ಐ (ದಕ್ಷಿಣ ಭಾರತ ಸಭೆ, ಪ್ರೊಟೆಸ್ಟಂಟರು). ಯೇಸುವಿನ ರೂಪ ಕಲ್ಪಿಸಿಕೊಂಡರೆ ಅದೂ ವಿಗ್ರಹವೇ ಎಂದು ನಮ್ಮ ಸಭೆಯ ಹಿರಿಯರೊಬ್ಬರು ಹೇಳಿದರು. (ಮಂಡ್ಯ)

ಉತ್ತರ: ಹಿರಿಯರ ಮಾತು ಗಾಳಿಯಲ್ಲಿ ಬಂದದ್ದಲ್ಲ. ಪ್ರೆಸ್ಬಿಟೇರಿಯನ್ನರ 1647ರ ವೆಸ್ಟ್‌ಮಿನ್‌ಸ್ಟರ್ ದೊಡ್ಡ ಪ್ರಶ್ನೋತ್ತರ ಮನಸ್ಸಿನೊಳಗೆ ಮಾಡಿಕೊಳ್ಳುವ ರೂಪವನ್ನೂ ವಿಗ್ರಹ ಬೇಡವೆನ್ನುವ ಎರಡನೆಯ ಆಜ್ಞೆಯ ಕೆಳಗೆ ನಿಷೇಧಿಸಿದೆ. ಪ್ರೊಟೆಸ್ಟಂಟ್ ಸುಧಾರಣೆ ಆರಂಭಿಸಿದ ಲೂಥರ್ ಮಾತ್ರ 1525ರ ಸುಮಾರಿಗೇ ಇಂಥ ವಾದಕ್ಕೆ ಎದುರು ನಿಂತರು. ಕ್ರಿಸ್ತನ ಯಾತನೆಯ ಕಥೆ ಕೇಳಿದಾಗ, ಬೇಕೆಂದರೂ ಬೇಡವೆಂದರೂ ಶಿಲುಬೆಯ ಮೇಲಿನ ಮನುಷ್ಯನ ರೂಪ ಎದೆಯಲ್ಲಿ ಮೂಡುತ್ತದೆ, ಅದು ಎದೆಯಲ್ಲಿದ್ದರೆ ಪಾಪವಲ್ಲವಾದರೆ ಕಣ್ಣೆದುರು ಇದ್ದರೆ ಹೇಗೆ ಪಾಪ ಎಂಬುದು ಅವರ ವಾದ. ಮೈಸೂರು ಸೀಮೆಯ ಸಿಎಸ್‌ಐ ಸಭೆಗಳಿಗೆ ವೆಸ್ಲಿಯನ್ (ಮೆಥಡಿಸ್ಟ್) ಬೇರು ದೊಡ್ಡದು. ಚಾರ್ಲ್ಸ್ ವೆಸ್ಲಿ 1742ರಲ್ಲಿ ಪ್ರಕಟಿಸಿದ ಕೀರ್ತನೆಯೊಂದರಲ್ಲಿ ಹಾಡುವವನೇ ಬೈಬಲ್ಲಿನ ಯಾಕೋಬನಾಗಿ ದೇವರೊಡನೆ ರಾತ್ರಿಯಿಡೀ ಕುಸ್ತಿ ಹಿಡಿಯುತ್ತಾನೆ. ನಮಗೆ ಲೂಥರ್ ಪಕ್ಷವೇ ಸರಿ ಕಾಣುತ್ತದೆ. ಹಿರಿಯರ ಎಚ್ಚರಿಕೆಯಲ್ಲಿ ಉಳಿಸಿಕೊಳ್ಳಬೇಕಾದದ್ದೂ ಇದೆ: ಮೂಡಿದ ರೂಪಕ್ಕೆ ಅಂಟಿಕೊಂಡು, ಯೇಸು ಹೀಗೇ ಇದ್ದರು ಎಂದು ವಾದಕ್ಕೆ ಇಳಿಯಬೇಡಿ.

ಪ್ರಶ್ನೆ: ಧ್ಯಾನದಲ್ಲಿ ಯೇಸು ‘ಕೆಲಸ ಬಿಟ್ಟು ಬಾ’ ಎಂದರು. ಎರಡು ರಾತ್ರಿ ನಿದ್ದೆ ಬಂದಿಲ್ಲ. ರಾಜೀನಾಮೆ ಕೊಡಲೇ? (ಹೆಬ್ಬಾಳ, ಮೈಸೂರು)

ಉತ್ತರ: ಈಗ ಬೇಡ. ಕಲ್ಪನೆಯಲ್ಲಿ ಯೇಸು ಆಡುವ ಮಾತಿಗೆ ಅರ್ಧ ಪದಗಳನ್ನು ಒದಗಿಸುವುದು ನಮ್ಮ ಮನಸ್ಸೇ. ಅದು ಪ್ರಾರ್ಥನೆಯ ಸಾಮಗ್ರಿ, ಅಪ್ಪಣೆಯಲ್ಲ. ಇಗ್ನೇಷಿಯಸ್‌ರ ಮೂರು ನಿಯಮ ಇಲ್ಲಿಗೆ ಹೊಂದುತ್ತವೆ. ಮನಸ್ಸು ಕುಗ್ಗಿ ಕದಡಿರುವಾಗ ಹಿಂದಿನ ತೀರ್ಮಾನ ಬದಲಿಸಬಾರದು. ಯೋಚನೆಯ ಮೊದಲು, ನಡು, ಕೊನೆ ಮೂರನ್ನೂ ನೋಡಬೇಕು: ಒಳ್ಳೆಯದಾಗಿ ಶುರುವಾಗಿ ಕಳವಳದಲ್ಲಿ, ಜಂಬದಲ್ಲಿ ಕೊನೆಗೊಂಡರೆ ಅದರ ಮೂಲ ಅನುಮಾನ. ಮೂರನೆಯದು ಸೂಕ್ಷ್ಮ. ದೇವರಿಂದಲೇ ಬಂದ ಸಮಾಧಾನವಾದರೂ ಅದರ ಬಿಸಿ ಆರುವ ಹೊತ್ತಿನಲ್ಲಿ ನಾವು ಸ್ವಂತ ಯೋಜನೆ ಸೇರಿಸಿಬಿಡುತ್ತೇವೆ, ಆದ್ದರಿಂದ ಎರಡು ಹೊತ್ತುಗಳನ್ನೂ ಬೇರೆ ಮಾಡಿ ನೋಡಬೇಕು.

ಕೇಳಿದ ಮಾತು, ಆಗಿನ ಭಾವ, ಆಮೇಲಿನ ಭಾವ ಬರೆದಿಡಿ. ಅನುಭವವಿರುವ ಮಾರ್ಗದರ್ಶಕರಿಗೆ ತೋರಿಸಿ. ತೆರೇಸಾರ ಕಾಲದವರೇ ಆದ ಶಿಲುಬೆಯ ಸಂತ ಯೋಹಾನರಂತೂ ಇಂಥ ಮಾತು, ದರ್ಶನಗಳನ್ನು ಹಿಡಿದಿಟ್ಟುಕೊಳ್ಳಲೇಬೇಡಿ ಎನ್ನುವಷ್ಟು ಕಟ್ಟುನಿಟ್ಟು. ಧ್ಯಾನ ಮುಗಿದ ಮೇಲೂ ಧ್ವನಿ ಕಿವಿಗೆ ಬೀಳುತ್ತಿದ್ದರೆ ಅಥವಾ ನಿದ್ದೆ ಹೀಗೇ ಕೆಟ್ಟರೆ ಈ ಧ್ಯಾನ ನಿಲ್ಲಿಸಿ ಮನೋವೈದ್ಯರನ್ನು ಕಾಣಿ. ಅದು ಅವಿಶ್ವಾಸವಲ್ಲ.

ಪ್ರಶ್ನೆ: ಸಂಡೇ ಸ್ಕೂಲಿನಲ್ಲಿ ಐದರಿಂದ ಒಂಬತ್ತು ವರ್ಷದ 22 ಮಕ್ಕಳು. ಕಥೆ ಹೇಳಿ ‘ಇದರ ನೀತಿ ಏನು’ ಎಂದರೆ ಒಬ್ಬನೇ ಉತ್ತರಿಸುತ್ತಾನೆ, ಉಳಿದವರು ಗಲಾಟೆ. ಆಟದ ಮೂಲಕ ಕಲಿಸುವುದು ಹೇಗೆ? (ಮದ್ದೂರು)

ಉತ್ತರ: ಮೊದಲು ಆ ನೀತಿಯ ಪ್ರಶ್ನೆ ಕೈಬಿಡಿ. ಅದು ಕಥೆಯನ್ನೇ ಪರೀಕ್ಷೆಯಾಗಿಸುತ್ತದೆ, ಬೇಗ ಉತ್ತರ ಹೊಳೆಯುವ ಮಗು ಗೆಲ್ಲುತ್ತದೆ.

1939ರಲ್ಲಿ ಮದ್ರಾಸಿನ ಅಡ್ಯಾರಿಗೆ ಬಂದು ಇಲ್ಲಿನ ಶಿಕ್ಷಕರಿಗೆ ತರಬೇತಿ ಕೊಟ್ಟ ಮಾರಿಯಾ ಮಾಂಟೆಸ್ಸರಿಯವರ ವಿಧಾನವನ್ನು ರೋಮಿನಲ್ಲಿ ಸೋಫಿಯಾ ಕವಲೆಟ್ಟಿ, ಆಮೇಲೆ ಅಮೆರಿಕದಲ್ಲಿ ಜೆರೋಮ್ ಬೆರಿಮನ್ ಧರ್ಮಶಿಕ್ಷಣಕ್ಕೆ ತಂದರು. ಬೆರಿಮನ್ ಕ್ರಮದ ಹೆಸರು ಗಾಡ್ಲಿ ಪ್ಲೇ. ನಮ್ಮ ಕಡೆ ಹೊಂದುವ ಹಾಗೆ ಹೇಳುತ್ತೇವೆ.

ಮಕ್ಕಳನ್ನು 11ರಂತೆ ಎರಡು ಗುಂಪು ಮಾಡಿ. ಹನ್ನೆರಡು ಮೀರಿದರೆ ವೃತ್ತದಲ್ಲಿ ಹಿಂದಿನ ಸಾಲು ಹುಟ್ಟುತ್ತದೆ, ಗಲಾಟೆ ಅಲ್ಲಿಂದಲೇ. ಒಳ್ಳೆಯ ಕುರುಬನ ಸಾಮತಿಗೆ (ಯೇಸು ಹೇಳಿದ ದೃಷ್ಟಾಂತಕ್ಕೆ) ಬೇಕಾದದ್ದು ಒಂದು ಮೀಟರ್ ಹಸಿರು ಬಟ್ಟೆ, ನೀರಿಗೆ ನೀಲಿ ತುಂಡು, ಅಪಾಯದ ಜಾಗಕ್ಕೆ ಎರಡು ಮೂರು ಕಪ್ಪು ತುಂಡು, ಹಟ್ಟಿಗೆ ಹತ್ತು ಹನ್ನೆರಡು ಕಡ್ಡಿ, ಐದು ಕುರಿ, ಒಬ್ಬ ಕುರುಬ, ಒಂದು ತೋಳ. ಚನ್ನಪಟ್ಟಣದಲ್ಲಿ ಬಣ್ಣ ಹಾಕದ ಮರದ ಗೊಂಬೆ ಸಿಗುತ್ತವೆ. ಕಣ್ಣು ಮೂಗು ಬರೆಯಬೇಡಿ. ನಗುವ ಕುರಿ ಯಾವಾಗಲೂ ನಗುತ್ತಲೇ ಇರಬೇಕಾಗುತ್ತದೆ.

ನೆಲದ ಮೇಲೆ ಕೂತು, ಸಾಮಾನು ಒಂದೊಂದಾಗಿ ತೆಗೆದಿಡುತ್ತಾ ನಿಧಾನವಾಗಿ ಹತ್ತು ನಿಮಿಷ ಕಥೆ ಹೇಳಿ. ನಿಮ್ಮ ಕಣ್ಣು ಗೊಂಬೆಗಳ ಮೇಲಿರಲಿ. ನೀವು ಮಕ್ಕಳನ್ನು ನೋಡಿದರೆ ಅವರು ನಿಮ್ಮ ಮುಖ ಓದುತ್ತಾರೆ, ಕುರಿ ಬಿಟ್ಟುಹೋಗುತ್ತದೆ. ಆಮೇಲೆ ಪ್ರಶ್ನೆಗಳು: ಇದರಲ್ಲಿ ನಿಮಗೆ ತುಂಬ ಇಷ್ಟವಾದದ್ದು ಯಾವುದಿರಬಹುದು? ಎಲ್ಲಕ್ಕಿಂತ ಮುಖ್ಯವಾದದ್ದು? ನೀವು ಇದರಲ್ಲಿ ಎಲ್ಲಿದ್ದೀರಿ? ಯಾವುದನ್ನು ತೆಗೆದರೂ ಕಥೆ ಪೂರ್ತಿ ಉಳಿದೀತು? ಯಾವ ಉತ್ತರಕ್ಕೂ ‘ಸರಿ’, ‘ಜಾಣ’ ಎನ್ನಬೇಡಿ. ಹೊಗಳಿಕೆ ಬಿದ್ದ ಕೂಡಲೇ ಎಲ್ಲರೂ ಅದನ್ನೇ ಹೇಳತೊಡಗುತ್ತಾರೆ. ‘ತೋಳ ನಾನೇ’ ಎನ್ನುವ ಮಗು ಇದ್ದೇ ಇರುತ್ತದೆ, ಗಾಬರಿಯಾಗಿ ತಿದ್ದಬೇಡಿ. ಕೊನೆಯ 20 ನಿಮಿಷ ಜೇಡಿಮಣ್ಣು, ಬಣ್ಣ, ಅಥವಾ ಅದೇ ಗೊಂಬೆಗಳು. ಬಹುಮಾನ, ಸ್ಪರ್ಧೆ ಬೇಡ. ಮುಗಿಸುವಾಗ ಒಂದು ಬಾಳೆಹಣ್ಣು, ಒಂದು ಸಣ್ಣ ಪ್ರಾರ್ಥನೆ.

ಮೊದಲ ಮೂರು ವಾರ ಮೌನವೇ ಬರಬಹುದು. ಆ ಮೌನಕ್ಕೆ ಹೆದರಿ ಉತ್ತರ ನೀವೇ ಹೇಳಿಬಿಟ್ಟರೆ ಕೆಲಸ ಕೆಟ್ಟಿತು.

ಪ್ರಶ್ನೆ: ಮೊಮ್ಮಕ್ಕಳು ಗೋದಲಿಯ (ಕ್ರಿಸ್ತಜನನದ ದೃಶ್ಯದ) ಗೊಂಬೆಗಳನ್ನು ತೆಗೆದು ಆಡುತ್ತಾರೆ. ಡೋರ್ನಹಳ್ಳಿಯ ಕಥೆ ನೆನಪಾಗಿ ಭಯವಾಗುತ್ತದೆ. (ಕೆ.ಆರ್. ನಗರ)

ಉತ್ತರ: ತಿಳಿಯದವರಿಗಾಗಿ ಆ ಐತಿಹ್ಯ: ಉಳುವಾಗ ಸಿಕ್ಕ ಮರದ ಪ್ರತಿಮೆಯನ್ನು ರೈತನೊಬ್ಬ ಗೊಂಬೆಯೆಂದು ಮಕ್ಕಳ ಕೈಗೆ ಕೊಟ್ಟ, ಅದು ಆಟಿಕೆಯಲ್ಲ, ಗುಡಿ ಕಟ್ಟಿಸು ಎಂದು ಸನ್ಯಾಸಿಯೊಬ್ಬ ಕನಸಿನಲ್ಲಿ ಬಂದು ಹೇಳಿದ, ಅದೇ ಇಂದು ಸಂತ ಅಂತೋಣಿಯವರ ಬೆಸಿಲಿಕಾ. ಆ ಕಥೆಯಲ್ಲಿ ತಪ್ಪು ಆಟದ್ದಲ್ಲ, ಗುರುತಿಸದೆ ಹೋದದ್ದು.

ಮೈಸೂರಿನ ದಸರಾ ಗೊಂಬೆ ಮನೆಗಳಲ್ಲೂ ಪಟ್ಟದ ಗೊಂಬೆ ಬೇರೆ, ಮಕ್ಕಳ ಕೈಗೆ ಸಿಗುವ ಗೊಂಬೆ ಬೇರೆ. ನೀವೂ ಎರಡು ಸೆಟ್ ಇಡಿ. ಫಾದರ್ ಆಶೀರ್ವದಿಸಿದ ಪಿಂಗಾಣಿ ಅಥವಾ ಪಿಒಪಿ ಸೆಟ್ ಮೇಲೆ. ಬಟ್ಟೆ, ಮರದ್ದು ಮಕ್ಕಳ ಎತ್ತರಕ್ಕೆ. ಮೂರು ವರ್ಷದೊಳಗಿನವರಿದ್ದರೆ ಬಾಯಿಗೆ ಹೋಗುವಷ್ಟು ಚಿಕ್ಕ ಗೊಂಬೆ ಬೇಡ. ಮೂವರು ಜ್ಞಾನಿಗಳನ್ನು ಮನೆಯ ಆ ತುದಿಯಲ್ಲಿಟ್ಟು ದಿನಕ್ಕೊಂದು ಗೇಣು ಮುಂದೆ ನಡೆಸಲು ಹೇಳಿ, ಜನವರಿ 6ಕ್ಕೆ ತಲುಪಲಿ. ಬಾಲಯೇಸು ಡಿಸೆಂಬರ್ 24ರ ರಾತ್ರಿಯವರೆಗೆ ಡಬ್ಬಿಯಲ್ಲಿರಲಿ.

ಗೋದಲಿಯ ಹುಟ್ಟಿನಲ್ಲೇ ಆಟವಿದೆ. 1223ರ ಕ್ರಿಸ್ಮಸ್ಸಿಗೆ ಇಟಲಿಯ ಗ್ರೆಚ್ಚೊದಲ್ಲಿ ಸಂತ ಫ್ರಾನ್ಸಿಸರು ಹುಲ್ಲು ತುಂಬಿದ ಗೋದಲಿ, ಜೀವಂತ ಎತ್ತು, ಕತ್ತೆ ತರಿಸಿದರು. ‘ಬೆತ್ಲೆಹೇಮ್’ ಎನ್ನುವಾಗ ಕುರಿ ಅರಚುವಂತೆ ದನಿ ಎಳೆದರು, ‘ಯೇಸು’ ಎಂದು ತುಟಿ ಸವರಿಕೊಂಡರು ಎಂದು ಅವರ ಚರಿತ್ರೆ ಬರೆದ ಚೆಲಾನೊದ ಥಾಮಸ್ ದಾಖಲಿಸಿದ್ದಾರೆ.

ಪ್ರಶ್ನೆ: ಚರ್ಚಿನ ಪ್ರಸಂಗದಲ್ಲಿ (ಉಪದೇಶದಲ್ಲಿ) ಜೋಕು ಹೇಳಬಹುದೇ? (ಪಾಂಡವಪುರ)

ಉತ್ತರ: ಹೇಳಬಹುದು. ಹದಿಮೂರನೇ ಶತಮಾನದ ದೇವಶಾಸ್ತ್ರಜ್ಞ ಸಂತ ಥಾಮಸ್ ಅಕ್ವಿನಾಸ್ ಇದಕ್ಕೆ ಮೂರು ಕಟ್ಟು ಹಾಕಿದ್ದಾರೆ: ಅಶ್ಲೀಲವೂ ನೋಯಿಸುವಂಥದ್ದೂ ಬೇಡ, ಮನಸ್ಸಿನ ತೂಕ ಪೂರ್ತಿ ತಪ್ಪಬಾರದು, ಆಳಿಗೂ ಜಾಗಕ್ಕೂ ಹೊತ್ತಿಗೂ ಒಪ್ಪಬೇಕು. ತಾನೂ ನಗದೆ ಇನ್ನೊಬ್ಬರ ನಗುವಿಗೂ ಅಡ್ಡ ಬರುವುದು ದೋಷವೆಂದೂ ಅವರೇ ಬರೆದಿದ್ದಾರೆ. ಅದನ್ನು ಓದಿ ಹೇಳುವವರು ಕಡಿಮೆ.

ಪ್ರಶ್ನೆ: ಮಂಡ್ಯದಿಂದ ಮೈಸೂರಿಗೆ ದಿನಾ ರೈಲು. ಈ ಧ್ಯಾನ ರೈಲಿನಲ್ಲಿ ಮಾಡಬಹುದೇ? (ಮಂಡ್ಯ)

ಉತ್ತರ: ಮೊದಲ ಒಂದೆರಡು ತಿಂಗಳು ಬೇಡ, ನಿಲ್ದಾಣ ಬಂತೇ ಎಂದು ಒಂದು ಕಿವಿ ಹೊರಗೇ ಇರುತ್ತದೆ. ಧ್ಯಾನಕ್ಕೆ ಮಂಡಿಯೂರಿ, ಕೂತು, ನಿಂತು, ಮಲಗಿ, ಹೇಗಾದರೂ ಸರಿ ಎನ್ನುವ ಇಗ್ನೇಷಿಯಸ್, ಒಂದು ಭಂಗಿಯಲ್ಲಿ ಬೇಕಾದದ್ದು ಸಿಕ್ಕರೆ ಅಲ್ಲೇ ನಿಲ್ಲು, ಬದಲಿಸಬೇಡ ಎನ್ನುತ್ತಾರೆ. ಅದಕ್ಕೆ ಮನೆಯ ಮೂಲೆಯೇ ವಾಸಿ. ಆದರೆ ಮುಗಿದ ಮೇಲಿನ ಆ ಕಾಲು ಗಂಟೆಯ ಹಿನ್ನೋಟವನ್ನು ಕೂತೋ ಅಡ್ಡಾಡುತ್ತಲೋ ಮಾಡಬಹುದು ಎಂದು ಅವರೇ ಬರೆದಿದ್ದಾರೆ. ಬೆಳಿಗ್ಗೆ ಧ್ಯಾನ ಮುಗಿಸಿ ಹೊರಡಿ. ಹಿನ್ನೋಟಕ್ಕೆ ಮಂಡ್ಯದಿಂದ ಪಾಂಡವಪುರ ನಿಲ್ದಾಣದವರೆಗಿನ ಹೊತ್ತು ಸಾಕಾಗುತ್ತದೆ.